ಕೋರಲ್ ಓಪನ್ ಆಗವಲ್ದು!

ಬೀಳಗಿ ತಾಲ್ಲೂಕಿನ ಬಾಡಗಂಡಿಯ ಸುತ್ತಿನ ಸೀಮೆಯಲ್ಲಿ ಮನುಷ್ಯ ತೊಟ್ಟಿಲಿಗೆ ಬಿದ್ದಂದಿನಿಂದ ಮಣ್ಣು ಸೇರುವ ತನಕ ಕೋರಲ್‌ಡ್ರಾ ಎಂಬ ತಂತ್ರಾಂಶದ ಕೈಯಿಂದ ತಪ್ಪಿಸಿಕೊಳ್ಳುವಂತಿಲ್ಲ. ಹೆಸರಿಡುವ ಕಾರ್ಯಕ್ರಮದ ಆಮಂತ್ರಣ, ಜಾವಳದ ಬ್ಯಾನರ್, ಎಸ್ಸೆಸ್ಸೆಲ್ಸಿ ಪಾಸಾದ ಹುಡುಗನಿಗೆ ‘ಗೆಳೆಯರ ಬಳಗ’ದ ಅಭಿನಂದನೆ, ಲಗ್ನಪತ್ರಿಕೆ, ಹೊಸ ಟ್ರ್ಯಾಕ್ಟರಿನ ಬಾನೆಟ್ಟಿಗೆ ರೇಡಿಯಂ ಸ್ಟಿಕ್ಕರ್, ತೆರಬಂಡಿ ಶರತ್ತಿನ ಹ್ಯಾಂಡ್‌ಬಿಲ್, ಜಾತ್ರೆಯ ನಾಟಕದ ಪೋಸ್ಟರ್, ಪಂಚಾಯಿತಿ ಚುನಾವಣೆಯ ಕರಪತ್ರ, ಕಡೆಗೊಂದು ದಿನ ‘ಭಾವಪೂರ್ಣ ಶ್ರದ್ಧಾಂಜಲಿ’. ಇಷ್ಟೂ ಹೊರಬರುವುದು ಬಸ್‌ಸ್ಟ್ಯಾಂಡಿನ ಎದುರಿನ ಯಾವುದೋ ಹತ್ತು ಬೈ ಹತ್ತರ ಡಿಟಿಪಿ ಅಂಗಡಿಯಿಂದ. 2016ರ ಮಾರ್ಚ್‌ನಲ್ಲಿ ರಾಜ್ಯ ಸರ್ಕಾರ ಪ್ಲಾಸ್ಟಿಕ್ ನಿಷೇಧಿಸಿದಾಗ ಫ್ಲೆಕ್ಸ್ ಕೂಡ ಆ ಪಟ್ಟಿಯಲ್ಲಿತ್ತು. ಆದರೂ ಬ್ಯಾನರಿನ ಮೇಲೆ ಮೊಬೈಲ್ ಹಿಡಿದು ನಗುವ ಹುಡುಗರ ಸಾಲು ಇನ್ನೂ ಕರಗಿಲ್ಲ.

ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿ, ಎಲ್ಲಿಗೆ ಹೋದರೂ ಈ ಅಂಗಡಿಯ ನಕ್ಷೆ ಒಂದೇ. ಬಾಗಿಲಿಗೆ ಝೆರಾಕ್ಸ್ ಮಷಿನ್ನು, ಗೋಡೆಗೆ ಸ್ಯಾಂಪಲ್ ಪತ್ರಿಕೆಗಳ ಆಲ್ಬಮ್ಮು, ಮೂಲೆಯಲ್ಲಿ ರೇಡಿಯಂ ಕತ್ತರಿಸುವ ಪ್ಲಾಟರು, ನಡುವೆ ಕಂಪ್ಯೂಟರು. ಬಾಡಗಂಡಿಯಲ್ಲಿ ಈಗ ಸಕ್ಕರೆ ಕಾರ್ಖಾನೆಯೂ ಇದೆ, ಮೆಡಿಕಲ್ ಕಾಲೇಜೂ ಇದೆ. ಕಬ್ಬು ನುರಿಸುವ ಹಂಗಾಮಿನಲ್ಲಿ ಟ್ರ್ಯಾಕ್ಟರುಗಳು, ವರ್ಷವಿಡೀ ಕಾಲೇಜು ಮಕ್ಕಳು. ಹಾಗಾಗಿ ರೇಡಿಯಮ್ಮಿಗೂ ಪ್ರಾಜೆಕ್ಟ್ ರಿಪೋರ್ಟಿಗೂ ಬರ ಬರುವುದಿಲ್ಲ. ಬರ ಬಂದರೆ ಕಂಪ್ಯೂಟರಿನ ಒಳಗಿನಿಂದಲೇ ಬರಬೇಕು. ಅದು ಬರುವುದು ಸಾಮಾನ್ಯವಾಗಿ ಲಗ್ನದ ಸೀಜನ್ನಿನಲ್ಲಿ, ಬೆಳಗಿನ ಹತ್ತು ಗಂಟೆಗೆ, ಗಿರಾಕಿ ಎದುರಿಗೆ ಕೂತಿದ್ದಾಗ.

“ಯಾಕಪಾ, ಪತ್ರಿಕಿ ಆದುವೇನು?”

“ಇಲ್ರಿ ಕಾಕಾ, ಕೋರಲ್ ಓಪನ್ ಆಗವಲ್ದು. ಫೈಲ್ ಮಿಸ್ಸಿಂಗ್ ಅಂತ ತೋರಸಾಕತ್ತೈತಿ.”

“ನಿನ್ನಿ ಪೆನ್‌ಡ್ರೈವಿನ್ಯಾಗ ಕೊಟ್ಟಿದ್ನೆಲ್ಲ ಫೈಲು?”

“ಅದಲ್ರಿ, ಕಂಪ್ಯೂಟರಿಂದು ಸ್ವಂತ ಫೈಲು.”

“ಅದರ ಫೈಲ್ ಅದಕ್ಕ ಸಿಗವಲ್ದಂದ್ರ ನನ್ನ ಪತ್ರಿಕಿ ಯಾವಾಗ ಸಿಕ್ಕೀತೋ ತಮ್ಮಾ?”

ಕಾಕಾನ ಪ್ರಶ್ನೆಗೆ ಅಂಗಡಿಯ ಹುಡುಗನ ಬಳಿ ಉತ್ತರವಿಲ್ಲ. ಪರದೆಯ ನಟ್ಟನಡುವೆ ಒಂದು ಸಣ್ಣ ಪೆಟ್ಟಿಗೆ ಮೂಡಿದೆ. ವಿಂಡೋಸ್ 7 ಆಗಿದ್ದರೆ ಅದರಲ್ಲಿ, ಇಂಥ ಕಡತ ನಿಮ್ಮ ಕಂಪ್ಯೂಟರಿನಲ್ಲಿ ಇಲ್ಲ, ಆದ್ದರಿಂದ ತಂತ್ರಾಂಶ ಶುರುವಾಗದು ಎಂದಿರುತ್ತದೆ. ವಿಂಡೋಸ್ 10 ಆಗಿದ್ದರೆ, ಇಂಥ ಕಡತ ಸಿಗಲಿಲ್ಲವಾದ್ದರಿಂದ ಮುಂದುವರಿಯಲಾಗುವುದಿಲ್ಲ ಎಂದು ಇನ್ನೂ ಗಂಭೀರವಾಗಿ ಹೇಳುತ್ತದೆ. ಎರಡೂ ಕೊಡುವ ಸಲಹೆ ಒಂದೇ: ತಂತ್ರಾಂಶವನ್ನು ಮತ್ತೆ ಇನ್‌ಸ್ಟಾಲ್ ಮಾಡಿ ನೋಡಿ. ಪೆಟ್ಟಿಗೆಗೆ ಇರುವ ಗುಂಡಿಯೂ ಒಂದೇ, ಓಕೆ. ಹುಡುಗ ಓಕೆ ಒತ್ತುತ್ತಾನೆ. ಪೆಟ್ಟಿಗೆ ಮಾಯವಾಗುತ್ತದೆ, ಅದರೊಂದಿಗೆ ಕಳೆದುಹೋದ ಕಡತದ ಹೆಸರೂ ಮಾಯವಾಗುತ್ತದೆ. ಆಮೇಲೆ ಜಮಖಂಡಿಯ ರಿಪೇರಿಯವನಿಗೆ ಫೋನು ಹೋದಾಗ ಹೇಳಲು ಉಳಿಯುವುದು ಇಷ್ಟೇ: “ಅಣ್ಣಾ, ಎಂಎಸ್ ಏನೋ ಇತ್ತು, ಹಿಂದ ಒಂದ್ ನಂಬರ್ ಇತ್ತು.”

ಆ ಹೆಸರು ಹೆಚ್ಚಾಗಿ ‘ಎಂಎಸ್‌ವಿಸಿಪಿ140’, ‘ವಿಸಿರನ್‌ಟೈಮ್140’ ಅಥವಾ ‘ಎಂಎಸ್‌ವಿಸಿಆರ್100’. ಬಾಲಕ್ಕೆ ಚುಕ್ಕಿ ಹಾಕಿ ‘ಡಿಎಲ್‌ಎಲ್’. ಈ ಡಿಎಲ್‌ಎಲ್ ಕಡತಗಳು 1985ರ ಮೊದಲ ವಿಂಡೋಸ್‌ನ ಕಾಲದಿಂದಲೂ ಇವೆ. ಆಗ ಕಂಪ್ಯೂಟರಿನ ನೆನಪಿನ ಶಕ್ತಿ ಬಲು ದುಬಾರಿ. ಪರದೆಯ ಮೇಲೆ ಗೆರೆ ಎಳೆಯುವುದು, ಲೆಕ್ಕ ಮಾಡುವುದು, ಕಡತ ತೆರೆಯುವುದು, ಇಂಥ ಕೆಲಸಗಳನ್ನು ಪ್ರತಿ ತಂತ್ರಾಂಶವೂ ತನ್ನೊಳಗೆ ಹೊತ್ತು ತಿರುಗುವ ಬದಲು ಒಂದು ಕಡೆ ಇಟ್ಟು ಎಲ್ಲರೂ ಹಂಚಿಕೊಳ್ಳಲಿ ಎಂಬುದು ಲೆಕ್ಕಾಚಾರ. ಕೆನಡಾದ ಒಟ್ಟಾವದ ಕೋರಲ್ ಕಂಪನಿ 1989ರಲ್ಲಿ ಕೋರಲ್‌ಡ್ರಾ ಹೊರತಂದಾಗಲೂ, ಅಡೋಬಿಯ ಫೋಟೊಶಾಪ್ ಮುಂದೆ ವಿಂಡೋಸ್‌ಗೆ ಬಂದಾಗಲೂ ಈ ಏರ್ಪಾಡಿಗೆ ಒಗ್ಗಿಕೊಂಡೇ ಬಂದವು. ಲಾಭ ದೊಡ್ಡದೇ. ತೊಡಕೆಂದರೆ, ಹಂಚಿಕೊಂಡ ಕಡತ ಹೋದರೆ ಅದನ್ನು ನಂಬಿದವರೆಲ್ಲ ಒಟ್ಟಿಗೇ ಕೂತುಬಿಡುತ್ತಾರೆ. ಒಂದು ತಂತ್ರಾಂಶ ತನ್ನ ಹಳೆಯ ಡಿಎಲ್‌ಎಲ್ ತಂದು ಇನ್ನೊಂದರ ಹೊಸದರ ಮೇಲೆ ಹಾಕಿಬಿಡುವುದೂ ಆಗ ಮಾಮೂಲಾಗಿತ್ತು. ತಂತ್ರಾಂಶ ಬರೆಯುವವರೇ ಆ ಕಾಲವನ್ನು ‘ಡಿಎಲ್‌ಎಲ್ ನರಕ’ ಎಂದು ಕರೆದರು. 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ಬೇರೆ ಬೇರೆ ಆವೃತ್ತಿಗಳನ್ನು ಅಕ್ಕಪಕ್ಕ ಇಟ್ಟುಕೊಳ್ಳುವ ವ್ಯವಸ್ಥೆ ಬಂದ ಮೇಲೆ ನರಕದ ಬಿಸಿ ತುಸು ಇಳಿಯಿತು.

ರಬಕವಿ-ಬನಹಟ್ಟಿಯ ನೇಕಾರರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಜಕಾರ್ಡ್ ಮಗ್ಗದ ಮೇಲೆ ತೂತು ಕೊರೆದ ರಟ್ಟಿನ ಕಾರ್ಡುಗಳನ್ನು ದಾರದಿಂದ ಪೋಣಿಸಿ ಸರ ಮಾಡಿರುತ್ತಾರೆ. ಒಂದೊಂದು ಕಾರ್ಡು ಒಂದೊಂದು ಎಳೆಗೆ ಯಾವ ದಾರ ಮೇಲೇಳಬೇಕು, ಯಾವುದು ಕೆಳಗುಳಿಯಬೇಕು ಎಂದು ಹೇಳುತ್ತದೆ. ನಡುವಿನ ಒಂದು ಕಾರ್ಡು ಬಿದ್ದುಹೋದರೆ ಮಗ್ಗವೇನೂ ಹಾಳಾಗಿಲ್ಲ, ನೂಲೂ ಚೆನ್ನಾಗಿದೆ, ಆದರೆ ಸೆರಗಿನ ಬಳ್ಳಿ ಅದೇ ಜಾಗದಲ್ಲಿ ಮತ್ತೆ ಮತ್ತೆ ತುಂಡಾಗುತ್ತದೆ. ಬುದ್ಧಿವಂತ ನೇಕಾರ ಮಗ್ಗ ಬಿಚ್ಚುವುದಿಲ್ಲ, ಕಾರ್ಡಿನ ನಂಬರು ನೋಡುತ್ತಾನೆ. ಈ ಸಾದೃಶ್ಯ ಬಾಯಿಮಾತಿನದಲ್ಲ, ಇದರಲ್ಲಿ ವಂಶಾವಳಿಯೇ ಇದೆ. ಫ್ರಾನ್ಸಿನ ಜೋಸೆಫ್ ಮರಿ ಜಕಾರ್ಡ್ 1804ರಲ್ಲಿ ರೂಪಿಸಿದ ಮಗ್ಗದ ಕಾರ್ಡುಗಳನ್ನು ಕಂಡೇ ಇಂಗ್ಲೆಂಡಿನ ಚಾರ್ಲ್ಸ್ ಬ್ಯಾಬೇಜ್ ತನ್ನ ಲೆಕ್ಕದ ಯಂತ್ರಕ್ಕೂ ತೂತಿನ ಕಾರ್ಡು ಬೇಕೆಂದು ಯೋಜಿಸಿದ. 1890ರ ಅಮೆರಿಕದ ಜನಗಣತಿಯನ್ನು ಹರ್ಮನ್ ಹಾಲರಿತ್ ತೂತಿನ ಕಾರ್ಡುಗಳಿಂದಲೇ ಎಣಿಸಿದ. ಬನಹಟ್ಟಿಯ ಸೀರೆಯೂ ಅದೇ ಊರಿನ ಡಿಟಿಪಿ ಅಂಗಡಿಯ ಕಂಪ್ಯೂಟರೂ ಲೆಕ್ಕ ಹಾಕಿದರೆ ದಾಯಾದಿಗಳು.

ಕಾರ್ಡಿನ ನಂಬರಿನ ಹಾಗೆಯೇ ಕಡತದ ನಂಬರಿಗೂ ಅರ್ಥವಿದೆ. ಮೈಕ್ರೋಸಾಫ್ಟಿನ ‘ವಿಷುಯಲ್ ಸಿ++’ ಎಂಬ ಸಾಧನದಿಂದ ಬರೆದ ತಂತ್ರಾಂಶಗಳಿಗೆ ಓಡಲು ಕೆಲವು ಸಹಾಯಕ ಕಡತಗಳು ಬೇಕು. 80 ಎಂದಿದ್ದರೆ 2005ರ ಆವೃತ್ತಿ, 90 ಎಂದರೆ 2008, 100 ಎಂದರೆ 2010, 110 ಎಂದರೆ 2012, 120 ಎಂದರೆ 2013. 140 ಎಂದರೆ 2015ರದು. ಅಲ್ಲಿಂದ ಮುಂದೆ 2017, 2019, 2022 ಎಲ್ಲವೂ 140ರ ಸಂಸಾರವೇ. ಈ ಸಹಾಯಕರ ಗಂಟನ್ನು ಮೈಕ್ರೋಸಾಫ್ಟ್ ‘ರೀಡಿಸ್ಟ್ರಿಬ್ಯೂಟಬಲ್’ ಎಂಬ ಹೆಸರಿನಲ್ಲಿ ಪುಕ್ಕಟೆಯಾಗಿ ಹಂಚುತ್ತದೆ. 140 ಕೇಳಿದವನಿಗೆ 2010ರ ಗಂಟು ಕೊಟ್ಟರೆ ಉಪಯೋಗವಿಲ್ಲ, 100 ಕೇಳಿದವನಿಗೆ 2022ರದು ಕೊಟ್ಟರೂ ಉಪಯೋಗವಿಲ್ಲ. ಹೊಸದು ಹಾಕಿದೆವಲ್ಲ, ಹಳೆಯದು ಯಾಕೆ ಎಂದು ಪಟ್ಟಿಯಲ್ಲಿದ್ದ ಹಳೆಯ ಆವೃತ್ತಿಗಳನ್ನು ಅಳಿಸಿ ಜಾಗ ಉಳಿಸಿದ ಮಹನೀಯರು ಮರುದಿನವೇ ಪೆಟ್ಟಿಗೆಯ ದರ್ಶನ ಪಡೆಯುತ್ತಾರೆ. ‘ವಿಸಿರನ್‌ಟೈಮ್140_1’ ಎಂದು ಬಾಲಕ್ಕೆ ಒಂದು ಅಂಟಿಸಿಕೊಂಡ ಕಡತ ಕೇಳಿದರೆ, ಗಂಟು ಇದೆ ಆದರೆ ಹಳೆಯದಾಗಿದೆ ಎಂದು ಅರ್ಥ. ಆ ಕಡತ ಸೇರಿದ್ದು 2019ರ ಆವೃತ್ತಿಯಲ್ಲಿ.

ಇಷ್ಟು ಸರಳವಿದ್ದರೂ ಸೀಮೆಯಲ್ಲಿ ನಡೆಯುವ ಚಿಕಿತ್ಸೆಗಳೇ ಬೇರೆ.

ಮೊದಲನೆಯದು ಬಂದ್ ಮಾಡಿ ಚಾಲೂ ಮಾಡುವುದು. ಇದರಿಂದ ಕೆಡುಕಿಲ್ಲ, ಕೆಲವೊಮ್ಮೆ ಅರ್ಧಕ್ಕೆ ನಿಂತ ಅಪ್‌ಡೇಟ್ ಪೂರ್ತಿಯಾಗಿ ಒಳ್ಳೆಯದೂ ಆಗುತ್ತದೆ. ಎರಡನೆಯದು ಕಡತದ ಹೆಸರನ್ನು ಗೂಗಲ್ಲಿಗೆ ಹಾಕಿ, ಡಿಎಲ್‌ಎಲ್‌ಗಳನ್ನು ಬಿಡಿಬಿಡಿಯಾಗಿ ಹಂಚುವ ಯಾವುದೋ ಜಾಲತಾಣದಿಂದ ಇಳಿಸಿಕೊಂಡು ‘ಸಿಸ್ಟಮ್32’ ಫೋಲ್ಡರಿಗೆ ತುರುಕುವುದು. ಅಲ್ಲಿ ಸಿಕ್ಕ ಕಡತ ಯಾವ ಆವೃತ್ತಿಯದೋ, ಯಾರು ಏನು ಸೇರಿಸಿದ್ದಾರೋ ಹೇಳುವವರಿಲ್ಲ. ಮೇಲಾಗಿ ಇಲ್ಲಿ ಮೈಕ್ರೋಸಾಫ್ಟಿನ ಒಂದು ತಮಾಷೆಯಿದೆ. 64 ಬಿಟ್‌ನ ವಿಂಡೋಸ್‌ನಲ್ಲಿ ‘ಸಿಸ್ಟಮ್32’ ಎಂಬ ಫೋಲ್ಡರಿನಲ್ಲಿರುವುದು 64 ಬಿಟ್‌ನ ಕಡತಗಳು, ‘ಸಿಸ್‌ವಾವ್64’ ಎಂಬ ಫೋಲ್ಡರಿನಲ್ಲಿರುವುದು 32 ಬಿಟ್‌ನವು. ಹೆಸರು ನಂಬಿ 32 ಬಿಟ್‌ನ ಕಡತವನ್ನು ಸಿಸ್ಟಮ್32ಕ್ಕೆ ಹಾಕಿದವನಿಗೆ ಕಡತ ಇಲ್ಲವೆಂಬ ಪೆಟ್ಟಿಗೆ ಹೋಗಿ, ಸೊನ್ನೆ ಎಕ್ಸ್ ಸಿ ಎಂದು ಶುರುವಾಗಿ 7ಬಿ ಎಂದು ಮುಗಿಯುವ ಹೊಸ ಪೆಟ್ಟಿಗೆ ಬರುತ್ತದೆ. ಮೊದಲಿನದರಲ್ಲಿ ಹೆಸರಾದರೂ ಇತ್ತು, ಇದರಲ್ಲಿ ಬರೀ ಅಂಕಿ.

ಮೂರನೆಯ ಚಿಕಿತ್ಸೆ ಪಕ್ಕದ ಅಂಗಡಿಯ ಕಂಪ್ಯೂಟರಿನಿಂದ ಪೆನ್‌ಡ್ರೈವಿನಲ್ಲಿ ಅದೇ ಕಡತ ತರುವುದು. ಕಡತದ ಜೊತೆ ವೈರಸ್ಸೂ ಪುಕ್ಕಟೆ. ನಾಲ್ಕನೆಯದು ಯೂಟ್ಯೂಬ್ ನೋಡಿ ‘ರೆಜಿಎಸ್‌ವಿಆರ್32’ ಎಂಬ ಆಜ್ಞೆ ಬರೆಯುವುದು. ಆ ಆಜ್ಞೆ ಬೇರೊಂದು ಜಾತಿಯ ಡಿಎಲ್‌ಎಲ್‌ಗಳನ್ನು ನೋಂದಾಯಿಸಲು ಇರುವಂಥದ್ದು. ಎಂಎಸ್‌ವಿಸಿಪಿಯ ಮೇಲೆ ಪ್ರಯೋಗಿಸಿದರೆ ನೋಂದಣಿಯ ಬಾಗಿಲೇ ಇದರಲ್ಲಿಲ್ಲ ಎಂದು ಉತ್ತರ ಬರುತ್ತದೆ, ಹುಡುಗ ಇನ್ನಷ್ಟು ಹೆದರುತ್ತಾನೆ.

ಐದನೆಯದು ಬ್ರಹ್ಮಾಸ್ತ್ರ: “ಫಾರ್ಮ್ಯಾಟ್ ಹೊಡದ್ ಬಿಡೂಣ.”

ಫಾರ್ಮ್ಯಾಟ್ ಹೊಡೆದರೆ ಕೋರಲ್ ತೆರೆಯುತ್ತದೆ, ಅದರಲ್ಲಿ ಸಂಶಯವಿಲ್ಲ. ಆದರೆ ಈ ಸೀಮೆಯ ಬಹುಪಾಲು ಕೆಲಸ ಉಳಿದಿರುವುದು ಡೆಸ್ಕ್‌ಟಾಪಿನ ಮೇಲೆ, ಡೆಸ್ಕ್‌ಟಾಪ್ ಇರುವುದು ಸಿ ಡ್ರೈವಿನಲ್ಲಿ. ‘ಹೊಸ ಫೋಲ್ಡರ್ 2’ರೊಳಗಿದ್ದ ಮೂರು ವರ್ಷಗಳ ಲಗ್ನಪತ್ರಿಕೆಗಳು, ಕುಲದೇವರ ಬ್ಲಾಕುಗಳು, ಊರಿನ ಮಠದ ಸ್ವಾಮಿಗಳ ಕತ್ತರಿಸಿಟ್ಟ ಫೋಟೊಗಳು ಗಂಟೆಯೊಳಗೆ ಮಾಯ. ಅದಕ್ಕಿಂತ ದೊಡ್ಡ ನಷ್ಟ ಫಾಂಟುಗಳದು. ಅವೂ ವಿಂಡೋಸ್ ಫೋಲ್ಡರಿನೊಳಗೇ ಇದ್ದವು.

ಕನ್ನಡದ ಡಿಟಿಪಿಯಲ್ಲಿ ಫಾಂಟು ಹೋಗುವುದೆಂದರೆ ಇಂಗ್ಲಿಷಿನಲ್ಲಿ ಹೋದಂತಲ್ಲ. ಕನ್ನಡ ಗಣಕ ಪರಿಷತ್ತಿನ ‘ನುಡಿ’, ಶೇಷಾದ್ರಿವಾಸು ಅವರು 1998ರಲ್ಲಿ ಹೊರತಂದ ‘ಬರಹ’, ಪುಣೆಯ ಮಾಡ್ಯುಲರ್ ಸಂಸ್ಥೆಯ ‘ಶ್ರೀಲಿಪಿ’, ಇವುಗಳ ಹಳೆಯ ಫಾಂಟುಗಳಲ್ಲಿ ಕನ್ನಡದ ಆಕಾರಗಳು ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕೂತಿರುತ್ತವೆ. ನುಡಿಯಲ್ಲಿ ‘ಕ’ ಬರೆದರೆ ಕಡತದೊಳಗೆ ಉಳಿಯುವುದು ಇಂಗ್ಲಿಷಿನ ಪಿ ಮತ್ತು ತಲೆಯ ಮೇಲೆ ಓರೆಗೆರೆ ಹೊತ್ತ ಎ. ಫಾಂಟು ಇರುವ ತನಕ ಅದು ಕನ್ನಡ. ಫಾಂಟು ಹೋದ ದಿನ ಕೋರಲ್ ಅದಕ್ಕೆ ಬದಲಿ ಫಾಂಟು ತೊಡಿಸುತ್ತದೆ, ‘ಶ್ರೀ ಕಾಡಸಿದ್ಧೇಶ್ವರ ಪ್ರಸನ್ನ’ ಎಂದಿದ್ದ ಜಾಗದಲ್ಲಿ ಯಾವ ದೇವರಿಗೂ ಅರ್ಥವಾಗದ ರೋಮನ್ ಅಕ್ಷರಗಳ ರಾಶಿ ಕಾಣುತ್ತದೆ. ಕೆ.ಪಿ. ರಾವ್ ಅವರು ಕನ್ನಡಕ್ಕೊಂದು ಶಿಸ್ತಿನ ಕೀಲಿಮಣೆ ವಿನ್ಯಾಸ ರೂಪಿಸಿಕೊಟ್ಟರು, ಅದರ ಮೇಲೆ ಹಕ್ಕು ಸಾಧಿಸದೆ ಎಲ್ಲರಿಗೂ ಬಿಟ್ಟುಕೊಟ್ಟರು. ಕನ್ನಡ ಟೈಪಿಸುವ ಕಷ್ಟ ಅಲ್ಲಿಗೆ ನೀಗಿತು. ಆದರೆ ಟೈಪಿಸಿದ್ದು ಎಲ್ಲ ಕಂಪ್ಯೂಟರಿನಲ್ಲೂ ಕನ್ನಡವಾಗಿಯೇ ಉಳಿಯಲು ಯೂನಿಕೋಡ್ ಬೇಕು. ಪುಟ ಜೋಡಿಸುವ ಹಳೆಯ ತಂತ್ರಾಂಶ ಪೇಜ್‌ಮೇಕರಿಗೆ ಯೂನಿಕೋಡ್ ಗೊತ್ತೇ ಇಲ್ಲ, 2001ರ ಏಳನೆಯ ಆವೃತ್ತಿಗೇ ಅದರ ಬೆಳವಣಿಗೆ ನಿಂತಿತು. ಹಳೆಯ ಕೋರಲ್‌ನಲ್ಲಿ ಯೂನಿಕೋಡ್ ಕನ್ನಡ ಹಾಕಿದರೆ ಒತ್ತಕ್ಷರಗಳು ಬೀದಿಪಾಲು. ಅದಕ್ಕೇ ಅಂಗಡಿಗಳು ಇಂದಿಗೂ ನುಡಿಯ ಹಳೆಯ ಫಾಂಟುಗಳಿಗೆ ಅಂಟಿಕೊಂಡಿರುವುದು. ಒಂದು ಡಿಎಲ್‌ಎಲ್ ಹೋದದ್ದಕ್ಕೆ ಫಾರ್ಮ್ಯಾಟ್ ಹೊಡೆದವನು ಅರ್ಧ ಗಂಟೆಯ ಕೆಲಸಕ್ಕೆ ಹತ್ತು ವರ್ಷದ ಸಂಗ್ರಹ ತೆತ್ತಂತಾಗುತ್ತದೆ.

ಕಡತ ಹೋಗುವುದಾದರೂ ಎಲ್ಲಿಗೆ? ಅಂಗಡಿಗಳಲ್ಲಿ ಬಾಯಿಬಿಟ್ಟು ಹೇಳದ ಉತ್ತರ ಒಂದಿದೆ. ಸೀಮೆಯಲ್ಲಿ ಕಾಸು ಕೊಟ್ಟು ಕೊಂಡ ಕೋರಲ್, ಫೋಟೊಶಾಪ್‌ಗಿಂತ ಪೆನ್‌ಡ್ರೈವಿನಿಂದ ಪೆನ್‌ಡ್ರೈವಿಗೆ ಹಾರಿ ಬಂದವೇ ಹೆಚ್ಚು. ಇಂಥ ಕ್ರ್ಯಾಕ್ ಪ್ರತಿಗಳಲ್ಲಿ ಪರವಾನಗಿ ತಪಾಸಣೆ ಮಾಡುವ ಡಿಎಲ್‌ಎಲ್ ಅನ್ನು ತೆಗೆದು ತಿದ್ದಿದ ಡಿಎಲ್‌ಎಲ್ ಇಟ್ಟಿರುತ್ತಾರೆ. ಅದು ತಿದ್ದಿದ ಕಡತವೆಂದು ಆಂಟಿವೈರಸ್ ಒಂದು ದಿನ ಪತ್ತೆ ಹಚ್ಚಿ ಎತ್ತಿ ಒಳಗೆ ಹಾಕುತ್ತದೆ. ಮರುದಿನ ಪೆಟ್ಟಿಗೆ ಬರುತ್ತದೆ. ಆಗ ಹುಡುಗ ಆಂಟಿವೈರಸ್ಸನ್ನೇ ತೆಗೆದುಹಾಕುತ್ತಾನೆ. ಅಲ್ಲಿಂದಾಚೆ ಊರಿನ ಪೆನ್‌ಡ್ರೈವುಗಳೆಲ್ಲ ಬಂದುಹೋಗುವ ಆ ಯಂತ್ರಕ್ಕೆ ಬಾಗಿಲೂ ಇಲ್ಲ, ಬೀಗವೂ ಇಲ್ಲ. ಅಡೋಬಿ, ಕೋರಲ್‌ಗಳ ಚಂದಾ ಸಣ್ಣ ಅಂಗಡಿಗೆ ಭಾರವೆಂಬ ಮಾತು ಸುಳ್ಳಲ್ಲ. ಆದರೆ ‘ಇಂಕ್‌ಸ್ಕೇಪ್’ ಎಂಬ ತಂತ್ರಾಂಶ 2003ರಿಂದಲೂ ಬಿಟ್ಟಿಯಾಗಿ ಸಿಗುತ್ತಿದೆ, ಯೂನಿಕೋಡ್ ಕನ್ನಡದ ಒತ್ತಕ್ಷರಗಳನ್ನೂ ಸರಿಯಾಗಿ ಕೂಡಿಸುತ್ತದೆ. ಹೊಸದಾಗಿ ಅಂಗಡಿ ತೆರೆಯುವ ಹುಡುಗರಾದರೂ ಅದನ್ನು ಕಲಿಯಬಹುದು.

ಇನ್ನುಳಿದ ಕಾರಣಗಳು ಕರೆಂಟಿನವು. ಅಪ್‌ಡೇಟ್ ಅರ್ಧವಾದಾಗ ಲೈನ್ ಹೋದರೆ, ಯುಪಿಎಸ್ ಬ್ಯಾಟರಿ ಸತ್ತಿದ್ದರೆ, ಬರೆಯುತ್ತಿದ್ದ ಕಡತ ಕೆಡುತ್ತದೆ. ವಿಂಡೋಸ್‌ನ ಕಡತಗಳು ಕೆಟ್ಟರೆ ಅದಕ್ಕೆ ಔಷಧಿ ವಿಂಡೋಸ್‌ನೊಳಗೇ ಇದೆ. ಕಮಾಂಡ್ ಕಿಟಕಿಯನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ‘ಎಸ್‌ಎಫ್‌ಸಿ’ ಎಂದು ಬರೆದು, ಜಾಗ ಬಿಟ್ಟು, ಓರೆಗೆರೆಯ ಮುಂದೆ ‘ಸ್ಕ್ಯಾನ್‌ನೌ’ ಎಂದು ಬರೆದರೆ ಅದು ತನ್ನ ಕಡತಗಳನ್ನೆಲ್ಲ ಎಣಿಸಿ, ಕೆಟ್ಟದ್ದಕ್ಕೆ ಒಳ್ಳೆಯ ಪ್ರತಿ ಇಡುತ್ತದೆ. ಆ ಒಳ್ಳೆಯ ಪ್ರತಿಯೇ ಕೆಟ್ಟಿದ್ದರೆ ‘ಡಿಐಎಸ್‌ಎಂ’ ಎಂಬ ಇನ್ನೊಂದು ಆಜ್ಞೆ ಮೈಕ್ರೋಸಾಫ್ಟಿನಿಂದ ಹೊಸದು ತರಿಸುತ್ತದೆ. ಇಲ್ಲೊಂದು ಎಚ್ಚರ ಬೇಕು. ಎಸ್‌ಎಫ್‌ಸಿ ನೋಡುವುದು ವಿಂಡೋಸ್ ತನ್ನದೆಂದು ಕಾಯುವ ಕಡತಗಳನ್ನು ಮಾತ್ರ. ವಿಷುಯಲ್ ಸಿ++ ಗಂಟಿನ ಕಡತ ಹೋಗಿದ್ದರೆ, ಅಥವಾ ಕೋರಲ್‌ನದೇ ಫೋಲ್ಡರಿನೊಳಗಿನ ಕಡತ ಹೋಗಿದ್ದರೆ, ಎಸ್‌ಎಫ್‌ಸಿ ‘ಎಲ್ಲ ಸರಿಯಿದೆ’ ಎಂದು ಸರ್ಟಿಫಿಕೇಟ್ ಕೊಡುತ್ತದೆ, ಕೋರಲ್ ತೆರೆಯುವುದಿಲ್ಲ. ಇಬ್ಬರೂ ಹೇಳುವುದು ನಿಜವೇ.

ಒಂದು ಕಡತದ ಮಹಿಮೆಯನ್ನು ಬೀಳಗಿಯ ಹುಡುಗನಷ್ಟೇ ಕಂಡಿದ್ದಾನೆಂದು ಯಾರೂ ತಿಳಿಯಬೇಕಾಗಿಲ್ಲ. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ಅಮೆರಿಕದ ಭದ್ರತಾ ಕಂಪನಿ ಕಳಿಸಿದ ಒಂದು ದೋಷಪೂರ್ಣ ಕಡತದಿಂದ ಜಗತ್ತಿನ ಸುಮಾರು 85 ಲಕ್ಷ ವಿಂಡೋಸ್ ಕಂಪ್ಯೂಟರುಗಳು ನೀಲಿ ಪರದೆ ತೋರಿಸಿ ಕೂತವು. ನಮ್ಮ ದೇಶದ ವಿಮಾನ ನಿಲ್ದಾಣಗಳಲ್ಲಿ ಬೋರ್ಡಿಂಗ್ ಪಾಸುಗಳನ್ನು ಕೈಯಲ್ಲಿ ಬರೆದುಕೊಟ್ಟರು. ಅಲ್ಲಿನ ಚಿಕಿತ್ಸೆ ಇಲ್ಲಿಯದಕ್ಕೆ ತಿರುಗುಮುರುಗು: ಕಂಪ್ಯೂಟರನ್ನು ಸೇಫ್ ಮೋಡಿನಲ್ಲಿ ತೆರೆದು ಆ ಒಂದು ಕಡತವನ್ನು ಅಳಿಸುವುದು. ಅಲ್ಲೂ ಯಾರೂ ಫಾರ್ಮ್ಯಾಟ್ ಹೊಡೆಯಿರಿ ಎನ್ನಲಿಲ್ಲ. ಕಡತದ ಹೆಸರು ಗೊತ್ತಿತ್ತು, ಅಷ್ಟೇ ಸಾಕಾಯಿತು.

ಹಾಗಾದರೆ ಅಂಗಡಿಯ ಹುಡುಗ ಮಾಡಬೇಕಾದ್ದೇನು? ಪೆಟ್ಟಿಗೆಯಲ್ಲಿ 80ರಿಂದ 140ರವರೆಗಿನ ನಂಬರು ಕಂಡರೆ ಆ ವರ್ಷದ ರೀಡಿಸ್ಟ್ರಿಬ್ಯೂಟಬಲ್ ಅನ್ನು ಮೈಕ್ರೋಸಾಫ್ಟಿನ ತಾಣದಿಂದಲೇ ಇಳಿಸಿಕೊಳ್ಳಬೇಕು. 64 ಬಿಟ್‌ನ ಕಂಪ್ಯೂಟರಾದರೂ 32 ಮತ್ತು 64 ಎರಡನ್ನೂ ಹಾಕಬೇಕು, ಯಾಕೆಂದರೆ ಹಳೆಯ ಕೋರಲ್ 32ನ್ನೇ ಕೇಳುತ್ತದೆ. ‘ಎಪಿಐ-ಎಂಎಸ್-ವಿನ್’ ಎಂದು ಶುರುವಾಗುವ ಮಾರುದ್ದದ ಹೆಸರಾದರೆ ಅದು ವಿಂಡೋಸ್ 10ರಲ್ಲಿ ಹುಟ್ಟಿನಿಂದಲೇ ಇರುವ ಕಡತ. ವಿಂಡೋಸ್ 7ಕ್ಕೆ ಅದನ್ನು ಅಪ್‌ಡೇಟ್ ಮೂಲಕ ತರಿಸಬೇಕು. ಕಡತದ ಹೆಸರಿನಲ್ಲಿ ಕೋರಲ್‌ನ ಅಥವಾ ಅಡೋಬಿಯ ಗುರುತಿದ್ದರೆ ಕಂಟ್ರೋಲ್ ಪ್ಯಾನೆಲ್ಲಿನಿಂದ ಆ ತಂತ್ರಾಂಶವನ್ನು ರಿಪೇರ್ ಮಾಡಬೇಕು ಇಲ್ಲವೇ ಮತ್ತೆ ಇನ್‌ಸ್ಟಾಲ್ ಮಾಡಬೇಕು. ಕಡತ ಎಲ್ಲ ಇದ್ದು ಕೋರಲ್ ಅರ್ಧಕ್ಕೆ ತೆರೆದು ಮುಚ್ಚಿಕೊಂಡರೆ ಎಫ್8 ಒತ್ತಿ ಹಿಡಿದು ತೆರೆಯಬೇಕು, ಅದರ ಸೆಟ್ಟಿಂಗುಗಳು ಮೊದಲಿನ ಸ್ಥಿತಿಗೆ ಬರುತ್ತವೆ. ಫೋಟೊಶಾಪಿಗೆ ಕಂಟ್ರೋಲ್, ಆಲ್ಟ್, ಶಿಫ್ಟ್ ಮೂರನ್ನೂ ಒಟ್ಟಿಗೆ ಹಿಡಿಯಬೇಕು. ಇವೆಲ್ಲ ಆಗಿಯೂ ತೆರೆಯದಿದ್ದರೆ ಹಾರ್ಡ್‌ಡಿಸ್ಕ್ ತಪಾಸಣೆ. ಫಾರ್ಮ್ಯಾಟು ಇಷ್ಟೆಲ್ಲದರ ಕೊನೆಗೆ.

ವಿಂಡೋಸ್ 7ಕ್ಕೆ ಮೈಕ್ರೋಸಾಫ್ಟಿನ ಬೆಂಬಲ 2020ರ ಜನವರಿ 14ಕ್ಕೇ ನಿಂತಿತು, ವಿಂಡೋಸ್ 10ಕ್ಕೆ 2025ರ ಅಕ್ಟೋಬರ್ 14ಕ್ಕೆ. ಹಳೆಯ ಯಂತ್ರ, ಹಳೆಯ ಕೋರಲ್, ಹಳೆಯ ಫಾಂಟು ನೆಚ್ಚಿಕೊಂಡ ಅಂಗಡಿಗಳಿಗೆ ಈ ಪೆಟ್ಟಿಗೆ ಇನ್ನು ಮುಂದೆ ಅಪರೂಪದ ಅತಿಥಿಯಾಗಿ ಉಳಿಯುವುದಿಲ್ಲ. ಆದ್ದರಿಂದ ಲಗ್ನದ ಸೀಜನ್ ಶುರುವಾಗುವ ಮೊದಲು ಅಂಗಡಿಯವರು ಎರಡು ಕೆಲಸ ಮಾಡಿಟ್ಟುಕೊಳ್ಳಲಿ: ಫಾಂಟುಗಳ ಫೋಲ್ಡರನ್ನೂ ಡೆಸ್ಕ್‌ಟಾಪನ್ನೂ ಬೇರೊಂದು ಡಿಸ್ಕಿಗೆ ನಕಲು ಮಾಡಲಿ, ರೀಡಿಸ್ಟ್ರಿಬ್ಯೂಟಬಲ್ ಗಂಟುಗಳನ್ನು ಒಂದು ಪೆನ್‌ಡ್ರೈವಿನಲ್ಲಿ ಹಾಕಿ ಡ್ರಾವರಿನಲ್ಲಿ ಇಡಲಿ. ಪೆಟ್ಟಿಗೆ ಬಂದ ದಿನ ಓಕೆ ಒತ್ತುವ ಮೊದಲು ಮೊಬೈಲಿನಲ್ಲಿ ಅದರ ಫೋಟೊ ತೆಗೆದುಕೊಳ್ಳಿ. ಜಮಖಂಡಿಯ ರಿಪೇರಿಯವನಿಗೆ ವಾಟ್ಸ್‌ಆ್ಯಪ್‌ನಲ್ಲಿ ಮೊದಲು ಕಳಿಸಬೇಕಾದ್ದು ಅದನ್ನೇ.